ಅತ್ತೆಯ ಮೊದಲ ಸ್ಟೇಟ್ ರಿಟರ್ನ್

ನಮ್ಮತ್ತೆಗೆ ಜೀವನದ ಮೊದಲನೇ ಸಂಬಳ ಬಂದದ್ದು ಅರವತ್ತಾರನೇ ವಯಸ್ಸಿನಲ್ಲಿ, ಅದೂ ಕ್ವೀನ್ಸಿನ ಹಿಲ್‌ಸೈಡ್ ಅವೆನ್ಯೂನಲ್ಲಿ.

ಅದಕ್ಕೆ ಕಾರಣ ನಾನೇ. ನನಗೆ ಕಣ್ಣಿಗೆ ಬಿದ್ದದ್ದನ್ನೆಲ್ಲ ಓದುವ ಚಟ. ಶಾಂಪೂ ಬಾಟಲಿಯ ಹಿಂಭಾಗ, ಪಾರ್ಕಿಂಗ್ ಬೋರ್ಡಿನ ಕೆಳಗಿನ ಸಣ್ಣ ಅಕ್ಷರ, ಯಾವುದನ್ನೂ ಬಿಡುವವಳಲ್ಲ. ಬೆಲ್‌ರೋಸಿನ ದಿನಸಿ ಅಂಗಡಿಯ ಬಾಗಿಲಿಗೆ ಒಂದು ಚೀಟಿ ಅಂಟಿಸಿದ್ದರು: ಪಕ್ಕದ ಕೇಟರಿಂಗ್ ಅಡುಗೆಮನೆಗೆ ಜೋಳದ ರೊಟ್ಟಿ ಬಡಿಯುವವರು ಬೇಕಾಗಿದ್ದಾರೆ. ಮನೆಗೆ ಬಂದು ತಮಾಷೆಗೆ ಹೇಳಿದೆ. ಬಾಗಲಕೋಟೆ ಕಡೆಯ ನಮ್ಮತ್ತೆ ಬಟಾಣಿ ಸುಲಿಯುತ್ತಿದ್ದವರು ಕೈ ನಿಲ್ಲಿಸಿ, "ಎಲ್ಲದ ಅದು, ನನಗ ತೋರಸು" ಅಂದರು. ಆ ವಾರದ ಶುಕ್ರವಾರವೇ ಹೋಗಿ ಸೇರಿಕೊಂಡುಬಿಟ್ಟರು. ಅದು ಸೆಪ್ಟೆಂಬರ್ ತಿಂಗಳು.

ನನ್ನ ಗಂಡನಿಗೆ ಇದು ಹಿಡಿಸಲಿಲ್ಲ. ಜಗಳ ಆಡಲಿಲ್ಲ, ಆದರೆ ಆ ಅಡುಗೆಮನೆಯ ಹೆಸರು ಬಾಯಿಂದ ಬರುತ್ತಿರಲಿಲ್ಲ. ಗೆಳೆಯರು ಫೋನಿನಲ್ಲಿ "ಅಮ್ಮ ಹೇಗಿದ್ದಾರೆ, ಏನು ಮಾಡ್ತಿರ್ತಾರೆ" ಅಂದರೆ, "ಟೆಂಪಲ್‌ನಲ್ಲಿ ವಾಲಂಟಿಯರ್ ಮಾಡ್ತಾರೆ" ಅನ್ನುತ್ತಿದ್ದರು. ಪಕ್ಕದ ಕೋಣೆಯಲ್ಲಿದ್ದ ಅತ್ತೆಗೆ ಇದೆಲ್ಲ ಕೇಳಿಸುತ್ತಿತ್ತು. ಬೆಳಿಗ್ಗೆ ಡಬ್ಬಿ ಕಟ್ಟಿಕೊಂಡು ಬಸ್ಸು ಹತ್ತಿ ಹೋಗುವುದು, ಮಧ್ಯಾಹ್ನ ಮೂರಕ್ಕೆ ಹಿಟ್ಟಿನ ಕೈಯಲ್ಲೇ ವಾಪಸ್ಸು ಬರುವುದು, ಅಷ್ಟೇ.

ಜನವರಿ ಕೊನೆಗೆ ಅಡುಗೆಮನೆಯವರು ಡಬ್ಲ್ಯೂ-ಟು ಕೊಟ್ಟರು. ವರ್ಷದ ಸಂಬಳ ಎಷ್ಟು, ಅದರಲ್ಲಿ ತೆರಿಗೆಗೆ ಹಿಡಿದದ್ದು ಎಷ್ಟು ಅಂತ ಬರೆದ ಅಂಗೈಯಗಲದ ಕಾಗದ. ಅತ್ತೆ ಅದನ್ನು ದೇವರ ಮುಂದೆ ಇಟ್ಟು ಕೈ ಮುಗಿದರು. ಆಮೇಲೆ, "ಇದನ್ನ ಸರ್ಕಾರಕ್ಕ ಒಪ್ಪಸೂದು ಹ್ಯಾಂಗ?" ಅಂತ ಕೇಳಿದರು.

ಈ ಪ್ರಶ್ನೆಗೇ ಕಾದಿದ್ದವರ ಹಾಗೆ ನನ್ನ ಗಂಡ ಬಾಯಿ ಬಿಟ್ಟರು. "ಅವ್ವಾ, ನೀ ಗ್ರೀನ್ ಕಾರ್ಡ್ ಮ್ಯಾಲೆ ಇದ್ದಿ. ಒಂದ ಪೇಪರ್ ಲೇಟಾದ್ರೂ ನಾಳೆ ಸಿಟಿಜನ್‌ಶಿಪ್ ಇಂಟರ್‌ವ್ಯೂದಾಗ ಕೇಳ್ತಾರ. ಈ ತಲಿನೋವು ನನಗ ಬ್ಯಾಡ. ಫೆಡರಲ್, ಸ್ಟೇಟ್ ಎರಡೂ ಏಪ್ರಿಲ್ ಹದಿನೈದರೊಳಗ ಕರೆಕ್ಟಾಗಿ ಹೋಗಬೇಕು. ನಿಮ್ಮಿಬ್ಬರಿಂದ ಆದರ ಮಾಡ್ರಿ. ಇಲ್ಲಂದ್ರ ಕೆಲಸ ಬಿಟ್ಟುಬಿಡು."

"ಆತು" ಅಂದರು ಅತ್ತೆ. ಒಂದೇ ಮಾತು.

ನನಗೆ ರೇಗಿಹೋಯಿತು. ನಮ್ಮ ಮನೆಯ ಟ್ಯಾಕ್ಸನ್ನೆಲ್ಲ ಈ ಮನುಷ್ಯ ಅರ್ಧ ಗಂಟೆಯಲ್ಲಿ ಮಾಡಿ ಮುಗಿಸುತ್ತಾರೆ, ತಾಯಿಯದ್ದಕ್ಕೆ ಕೈ ಹಚ್ಚುವುದಿಲ್ಲ ಅಂದರೆ ಏನರ್ಥ? ಅವರ ಲೆಕ್ಕಾಚಾರ ನನಗೆ ಗೊತ್ತಿತ್ತು. ಎಲ್ಲೋ ಒಂದು ಕಡೆ ನಾವು ಎಡವುತ್ತೇವೆ, ಅವ್ವ ತಾನಾಗೇ ಮನೆಯಲ್ಲಿ ಕೂರುತ್ತಾಳೆ, ತಾನು ಬೇಡ ಅಂದ ಹಾಗೂ ಆಗುವುದಿಲ್ಲ. ಸರಿ, ನೋಡೇಬಿಡೋಣ ಅಂತ ನಾನೂ ಟೊಂಕ ಕಟ್ಟಿದೆ.

ಕೇಂದ್ರ ಸರ್ಕಾರಕ್ಕೆ ಹೋಗುವ ಫೆಡರಲ್ ರಿಟರ್ನ್ ಕಂಪ್ಯೂಟರಿನಲ್ಲೇ ಸಲೀಸಾಗಿ ಹೋಯಿತು. ರಾಜ್ಯ ಸರ್ಕಾರದ ಸ್ಟೇಟ್ ರಿಟರ್ನ್ ಹೋಗಲಿಲ್ಲ. ಎರಡು ಸಲ ಕಳಿಸಿದೆ, ಎರಡು ಸಲವೂ ಕೆಂಪು ಅಕ್ಷರದಲ್ಲಿ ವಾಪಸ್ಸು ಬಂತು. ಮೂರನೇ ಸಲಕ್ಕೆ, ಇದನ್ನು ಪ್ರಿಂಟ್ ಮಾಡಿ ಸಹಿ ಹಾಕಿ ಅಂಚೆಯಲ್ಲಿ ಕಳಿಸಿ ಅಂತ ಹೇಳಿತು. ನಾನು ತಲೆ ಮೇಲೆ ಕೈ ಇಟ್ಟುಕೊಂಡೆ. ಅತ್ತೆಗೆ ಮಾತ್ರ ಖುಷಿಯೋ ಖುಷಿ. "ಈಗ ಬಂತು ನೋಡು ದಾರಿಗೆ. ಕಾಗದ ಇಲ್ಲದ ಒಪ್ಪಿಸಿದ್ದು ಒಂದು ಒಪ್ಪಸೂದೇನು?"

ಹಾಗೆ ನಾನು ಕಾಗದದ ರಿಟರ್ನಿನ ಸೂಚನೆಗಳನ್ನು ಓದಲು ಶುರು ಮಾಡಿದೆ. ಓದುತ್ತಾ ಓದುತ್ತಾ, ಸುಳ್ಳು ಯಾಕೆ ಹೇಳಲಿ, ಅದರಲ್ಲಿ ನನಗೆ ರುಚಿಯೇ ಹತ್ತಿಬಿಟ್ಟಿತು. ಸತ್ಯನಾರಾಯಣ ಪೂಜೆಗೆ ಶಾಸ್ತ್ರಿಗಳು ಕೊಡುವ ಪಟ್ಟಿಗಿಂತ ಕಟ್ಟುನಿಟ್ಟು. ಕಪ್ಪು ಶಾಯಿಯಲ್ಲೇ ಬರೆಯಬೇಕು. ಡಾಲರ್ ಚಿಹ್ನೆ ಹಾಕಬಾರದು. ಡಬ್ಲ್ಯೂ-ಟು ಕಳಿಸಲೇಬಾರದು, ಅದರಲ್ಲಿರುವುದನ್ನು ಇನ್ನೊಂದು ಫಾರಮ್ಮಿನಲ್ಲಿ ತುಂಬಿ ಆ ಫಾರಮ್ಮನ್ನು ಲಗತ್ತಿಸಬೇಕು. ಚೆಕ್ ಇಟ್ಟು ಕಳಿಸುವವರಿಗೆ ರಾಜ್ಯದ ರಾಜಧಾನಿ ಆಲ್ಬನಿಯಲ್ಲಿ ಒಂದು ವಿಳಾಸ, ಚೆಕ್ ಇಲ್ಲದವರಿಗೆ ಇನ್ನೊಂದು. ಯಾಕೆ ಹೀಗೆ? ಕಾಗದ ಬಿಚ್ಚುವವರು ಬೇರೆ, ಚೆಕ್ ಎಣಿಸುವವರು ಬೇರೆಯೇ? ಒಂದು ದೊಡ್ಡ ಹಾಲಿನಲ್ಲಿ ಯಾರೋ ಒಬ್ಬಾಕೆ ಕೂತು ದಿನವಿಡೀ ಲಕೋಟೆ ಹರಿಯುತ್ತಾಳೆ, ಅವಳ ಕೈಗೆ ನಮ್ಮತ್ತೆಯ ಹೆಸರು ಬರುತ್ತದೆ ಅಂತೆಲ್ಲ ಊಹಿಸಿಕೊಂಡೆ.

ಸಹಿಯ ವಿಷಯಕ್ಕೂ ಒಂದು ಸಂಜೆ ಹೋಯಿತು. ನಮ್ಮತ್ತೆ ಸಹಿ ಮಾಡುವುದು ಕನ್ನಡದಲ್ಲಿ. ಬೇರೆ ಅಕ್ಷರ ಬರುವುದಿಲ್ಲ ಅಂತಲ್ಲ, ಸಹಿ ಅಂದರೆ ಅವರಿಗೆ ಅದೇ. ನನ್ನ ಗಂಡ ಬಾಗಿಲಲ್ಲಿ ನಿಂತು, "ಇಂಗ್ಲಿಷಿನಾಗ ಮಾಡಸು, ರಿಜೆಕ್ಟ್ ಮಾಡ್ತಾರ" ಅಂದರು. ಪಾಸ್‌ಪೋರ್ಟಿನಲ್ಲೂ ಗ್ರೀನ್ ಕಾರ್ಡಿನ ಅರ್ಜಿಯಲ್ಲೂ ಇದ್ದದ್ದು ಕನ್ನಡದ ಸಹಿಯೇ. ನಾನು ತೆರಿಗೆ ಇಲಾಖೆಗೆ ಫೋನ್ ಹಚ್ಚಿ, ಮುಕ್ಕಾಲು ಗಂಟೆ ಸಂಗೀತ ಕೇಳಿ, ಕೊನೆಗೆ ಸಿಕ್ಕಿದ ಹೆಂಗಸನ್ನು ಕೇಳಿಯೇಬಿಟ್ಟೆ. ಅವಳು, ಅದು ಅವರ ಸಹಿಯೇ ಹೌದಾದರೆ ಯಾವ ಲಿಪಿಯಾದರೇನು ಅಂದಳು. ನಾನು ಗಂಡನ ಕಡೆ ತಿರುಗಿ ನೋಡಿದೆ. ಅವರು ನೀರು ಕುಡಿಯಲು ಹೋದರು.

ಇಷ್ಟೆಲ್ಲ ಆಗುವ ಹೊತ್ತಿಗೆ ಏಪ್ರಿಲ್ ಹದಿನಾಲ್ಕು ಬಂದಿತ್ತು. ಎಲ್ಲ ಹಾಳೆ ಜೋಡಿಸಿ, ಸಹಿ ಹಾಕಿಸಿ, ಊಟದ ಮೇಜಿನ ಮೇಲಿಟ್ಟೆ. ಮರುದಿನ ಮಂಗಳವಾರ ಕಡೆಯ ದಿನ. ಅತ್ತೆ ಅಡುಗೆಮನೆಗೆ ರಜೆ ಹಾಕಿದ್ದರು. ಅಂಚೆಗೆ ತಾನೇ ಕೊಡಬೇಕು ಅನ್ನುವುದು ಅವರ ಹಠ. ನಾನು ಮನೆಯಿಂದಲೇ ಕೆಲಸ ಮಾಡುವವಳು. ಮಧ್ಯಾಹ್ನ ಎರಡಕ್ಕೆ ಮೀಟಿಂಗ್ ಮುಗಿಸಿ ಬಂದು ಲಕೋಟೆಗೆ ಹಾಕೋಣ ಅಂತ ಹಾಳೆ ಎತ್ತಿದರೆ, ನಾಲ್ಕು ಮೂಲೆಗೂ ಅರಿಶಿನ. ನೀರಲ್ಲಿ ಕಲಸಿದ ಅರಿಶಿನವನ್ನು ಲಗ್ನಪತ್ರಿಕೆಗೆ ಹಚ್ಚುವ ಹಾಗೆ ಮೊದಲ ಹಾಳೆಯ ಮೂಲೆ ಮೂಲೆಗೆ ಹಚ್ಚಿ, ನಡುವೆ ಕುಂಕುಮದ ಬೊಟ್ಟಿಟ್ಟಿದ್ದಾರೆ.

"ಅತ್ತೆ, ಇದೇನು ಮಾಡಿದಿರಿ?"

"ಶುಭಕಾರ್ಯದ ಕಾಗದಕ್ಕ ಹಂಗs ಬಿಳೇದ ಕಳಸತಾರೇನವಾ?"

ಆ ಫಾರಮ್ಮಿನ ಅಂಚಿನಲ್ಲಿ ಏನೂ ಬರೆಯಬಾರದು, ಅಲ್ಲಿರುವ ಕಪ್ಪು ಗೆರೆಗಳನ್ನು ಯಂತ್ರ ಓದುತ್ತದೆ ಅಂತ ಮೂರು ವಾರದಿಂದ ಓದಿ ಬಾಯಿಪಾಠ ಮಾಡಿಕೊಂಡಿದ್ದವಳು ನಾನು. ಆ ಗೆರೆಗಳ ಮೇಲೆಯೇ ಅರಿಶಿನ ಕೂತು ಬೆಚ್ಚಗೆ ಒಣಗಿತ್ತು. ಸಿಟ್ಟು ನೆತ್ತಿಗೇರಿತು. ಆದರೆ ಅವರ ಮುಖ ನೋಡಿದರೆ ಬೈಯಲು ಬಾಯಿ ಬರಲಿಲ್ಲ. ಹೆದರಿದ್ದರು. "ಕೆಟ್ಟತೇನು? ನನ್ನ ಕೆಲಸ ಹೋತೇನು?" ಅಂತ ಸಣ್ಣ ದನಿಯಲ್ಲಿ ಕೇಳಿದರು. ಇಲ್ಲ, ಇನ್ನೊಂದು ಪ್ರಿಂಟ್ ತೆಗೆದರಾಯಿತು ಅಂದೆ. ಪ್ರಿಂಟರಿನಲ್ಲಿ ಇಂಕು ಮುಗಿದಿತ್ತು. ಲೈಬ್ರರಿಗೆ ಓಡಿ, ಮೊದಲ ಹಾಳೆಯ ಪ್ರಿಂಟ್ ತೆಗೆದು, ಎಲ್ಲದರ ಒಂದು ಕಾಪಿ ಮಾಡಿಸಿ, ಮನೆಗೆ ಬಂದು, ಲಕೋಟೆ ಅಂಟಿಸುವ ಹೊತ್ತಿಗೆ ಮೂರು ಹೊಡೆದು ಐದು ನಿಮಿಷ. ಸಮಾಧಾನಕ್ಕೆ ಅಂತ ಲಕೋಟೆಯ ಹಿಂಬದಿಗೆ ಒಂದು ಬೊಟ್ಟು ಹಚ್ಚಿ ಅಂದೆ, ಹಚ್ಚಿದರು.

"ನಡೀರಿ ಹೋಗೋಣ" ಅಂದರೆ, ಅತ್ತೆ ಗೋಡೆಯ ಕ್ಯಾಲೆಂಡರಿನ ಮುಂದೆ ನಿಂತಿದ್ದಾರೆ. ಊರಿಂದ ಬಂದವರು ತಂದುಕೊಟ್ಟ ಕ್ಯಾಲೆಂಡರು. ಮಂಗಳವಾರ ರಾಹುಕಾಲ ಮೂರರಿಂದ ನಾಲ್ಕೂವರೆ.

"ನಾಲ್ಕೂವರಿಗೆ ಹೊಂಡೂಣು" ಅಂದರು.

ನಮ್ಮ ಪೋಸ್ಟ್ ಆಫೀಸು ಮುಚ್ಚುವುದು ಐದಕ್ಕೆ. ನಡೆದು ಹೋದರೆ ಹದಿನೈದು ನಿಮಿಷ. ಗಂಡನಿಗೆ ಮೆಸೇಜು ಹಾಕಿದೆ. ರಸ್ತೆ ಮೂಲೆಯಲ್ಲಿರುವ ನೀಲಿ ಅಂಚೆ ಡಬ್ಬಕ್ಕೆ ಹಾಕಿಬಿಡಿ, ಅಷ್ಟಕ್ಕೆ ಯಾಕೆ ಒದ್ದಾಟ ಅಂತ ಉತ್ತರ ಬಂತು. ಆ ಡಬ್ಬದ ಮೇಲಿನ ಚೀಟಿಯನ್ನೂ ನಾನು ಎಂದೋ ಓದಿದ್ದೆ. ಅಲ್ಲಿ ಕೊನೆಯ ಸಲ ಟಪಾಲು ತೆಗೆಯುವುದು ಮಧ್ಯಾಹ್ನ ಒಂದಕ್ಕೇ. ಈಗ ಹಾಕಿದರೆ ನಾಳೆ ತೆಗೆಯುತ್ತಾರೆ, ಮುದ್ರೆ ಬೀಳುವುದು ಇನ್ನು ಯಾವ ಊರಿನ ಯಂತ್ರದಲ್ಲೋ, ಯಾವಾಗಲೋ. ಲೆಕ್ಕಕ್ಕೆ ಬರುವುದು ಆ ಮುದ್ರೆಯ ತಾರೀಖೇ ಹೊರತು ನಾವು ಹಾಕಿದ ತಾರೀಖಲ್ಲ. ಕೌಂಟರಿನಲ್ಲಿ ಕೊಟ್ಟು ಎದುರಿಗೇ ಮುದ್ರೆ ಒತ್ತಿಸಿಕೊಳ್ಳಬೇಕು, ಅದೊಂದೇ ದಾರಿ.

ಅತ್ತೆ ಸ್ವೆಟರ್ ಹಾಕಿ, ಶೂ ಕಟ್ಟಿ, ಲಕೋಟೆ ತೊಡೆಯ ಮೇಲಿಟ್ಟುಕೊಂಡು ಸೋಫಾದ ತುದಿಯಲ್ಲಿ ಕೂತರು. ನಾನು ಬೋನಿಗೆ ಬಿದ್ದವಳ ಹಾಗೆ ಆ ಕಡೆ ಈ ಕಡೆ ಓಡಾಡಿದೆ. ಓಡಾಡುತ್ತಾ ಕ್ಯಾಲೆಂಡರಿನ ಸಣ್ಣ ಅಕ್ಷರ ಓದಿದೆ. ಈ ರಾಹುಕಾಲ ಅನ್ನುವುದನ್ನು ಲೆಕ್ಕ ಹಾಕುವುದಾದರೂ ಹೇಗೆ? ನಲವತ್ತೆರಡು ವರ್ಷ ಕೇಳಿಕೊಂಡೇ ಬಂದಿದ್ದೇನೆ, ಒಂದು ದಿನವೂ ಯೋಚಿಸಿದವಳಲ್ಲ. ಫೋನಿನಲ್ಲಿ ಹುಡುಕಿದೆ. ಸೂರ್ಯ ಹುಟ್ಟಿದಾಗಿನಿಂದ ಮುಳುಗುವವರೆಗಿನ ಹೊತ್ತನ್ನು ಎಂಟು ಪಾಲು ಮಾಡಬೇಕು, ಮಂಗಳವಾರ ಏಳನೆಯ ಪಾಲು ರಾಹುಕಾಲ. ಆರಕ್ಕೆ ಹುಟ್ಟಿ ಆರಕ್ಕೆ ಮುಳುಗುವ ಸೂರ್ಯನಿಗೆ ಅದು ಮೂರರಿಂದ ನಾಲ್ಕೂವರೆ. ಅದು ಊರಿನ ಸೂರ್ಯ. ಇಲ್ಲಿ ಏಪ್ರಿಲ್‌ನಲ್ಲಿ ಗಡಿಯಾರವನ್ನೇ ಒಂದು ಗಂಟೆ ಮುಂದೆ ತಳ್ಳಿರುತ್ತಾರೆ. ಸೂರ್ಯ ಹುಟ್ಟುವುದು ಆರೂಕಾಲಕ್ಕೆ, ಮುಳುಗುವುದು ಏಳೂವರೆ ದಾಟಿ.

ಬೆರಳು ಮಡಿಚಿ ಲೆಕ್ಕ ಹಾಕಿದೆ. ನಂಬಿಕೆಯಾಗದೆ ಫೋನಿನಲ್ಲಿ ಇನ್ನೊಮ್ಮೆ ಹಾಕಿದೆ. ಇಲ್ಲಿಯ ರಾಹುಕಾಲ ಶುರುವಾಗುವುದೇ ನಾಲ್ಕೂಕಾಲಕ್ಕೆ. ಮುಗಿಯುವುದು ಆರಕ್ಕೆ ಐದು ನಿಮಿಷ ಇರುವಾಗ.

ಗಡಿಯಾರ ನೋಡಿದೆ. ನಾಲ್ಕು ಇಪ್ಪತ್ತು.

ಒಳ್ಳೆಯ ಹೊತ್ತನ್ನೆಲ್ಲ ಸೋಫಾದ ಮೇಲೆ ಕೂತು ಕಳೆದು, ಸರಿಯಾಗಿ ಕೆಟ್ಟ ಹೊತ್ತಿಗೆ ಎದ್ದು ಹೊರಡುತ್ತಿದ್ದೆವು. ಹೇಳಿದರೆ ಅತ್ತೆ ಆರರವರೆಗೂ ಕದಲುವುದಿಲ್ಲ, ಪೋಸ್ಟ್ ಆಫೀಸು ಮುಚ್ಚುತ್ತದೆ, ಕೆಲಸ ಹೋಗುತ್ತದೆ. ಹೇಳದಿದ್ದರೆ ಅವರನ್ನು ನಾನೇ ಕೈ ಹಿಡಿದು ರಾಹುಕಾಲಕ್ಕೆ ತಳ್ಳಿದ ಹಾಗೆ. ನನಗೆ ರಾಹುವೂ ಇಲ್ಲ ಕೇತುವೂ ಇಲ್ಲ. ಆದರೆ ಅವರಿಗೆ ಇದೆಯಲ್ಲ. ತುಟಿ ಕಚ್ಚಿಕೊಂಡೆ. ನಾಲ್ಕೂವರೆಗೆ ಅತ್ತೆ ದೇವರಿಗೆ ಕೈ ಮುಗಿದು ಬಲಗಾಲಿಟ್ಟು ಹೊರಟರು.

ಹಿಲ್‌ಸೈಡ್ ಅವೆನ್ಯೂ ಸಿಗ್ನಲ್ಲಿನವರೆಗೆ ತಡೆದುಕೊಂಡೆ. ಅಷ್ಟೇ ನನ್ನ ತಾಕತ್ತು. ಅತ್ತೆ ನನ್ನ ಮುಖ ನೋಡಿ, "ಏನಾತು ನಿನಗ? ಬಾಯಾಗ ಬಿಸಿ ಬದನೀಕಾಯಿ ಇಟ್ಟಕೊಂಡಂಗ ನಡ್ಯಾಕತ್ತೀದಿ" ಅಂದರು. ಹೇಳಿಬಿಟ್ಟೆ. ಎಂಟು ಪಾಲು, ಇಲ್ಲಿಯ ಸೂರ್ಯ, ನಾಲ್ಕೂಕಾಲು, ಎಲ್ಲವನ್ನೂ.

ಅತ್ತೆ ನಿಂತುಬಿಟ್ಟರು. ದಾಟುವ ಬಿಳಿ ದೀಪ ಹತ್ತಿತು, ಆರಿತು. ಲಕೋಟೆಯನ್ನು ಎದೆಗೆ ಒತ್ತಿಕೊಂಡಿದ್ದರು.

"ಹಂಗಾರ ಈಗ ನಾವು ಅದರಾಗs ಹೊಂಟೀವಿ."

"ಹೌದು ಅತ್ತೆ. ತಪ್ಪಾಯ್ತು, ಮನೆಯಲ್ಲೇ ಹೇಳಬೇಕಿತ್ತು."

"ನಾಕು ವರ್ಷ ಆತು ನಾ ಈ ಊರಿಗೆ ಬಂದು. ನಾಕು ವರ್ಷ ಆ ಕ್ಯಾಲೆಂಡರ್ ನೋಡಿ ನೋಡಿ ಹೊರಗ ಬಿದ್ದೀನಿ." ಸ್ವಲ್ಪ ಹೊತ್ತು ಏನೋ ಎಣಿಸಿದರು. "ಕೆಲಸಕ್ಕ ಮೊದಲನೇ ದಿವಸ ಹೋದಾಗ? ಶುಕ್ರವಾರ ಇತ್ತು. ಹನ್ನೆರಡರ ತನಕಾ ಹೊಸ್ತಲದಾಗ ನಿಂತು, ಹನ್ನೆರಡು ಹೊಡದ ಮ್ಯಾಲೆ ಹೋಗಿದ್ದೆ. ಅದನ್ನ ನೋಡು."

ದಾರಿಯಲ್ಲಿ ನಿಂತು ಸೆಪ್ಟೆಂಬರಿನ ಆ ಶುಕ್ರವಾರದ ಸೂರ್ಯನನ್ನು ಹುಡುಕಿದೆ. ಶುಕ್ರವಾರಕ್ಕೆ ನಾಲ್ಕನೆಯ ಪಾಲು. ಹನ್ನೊಂದೂಕಾಲಕ್ಕೆ ಶುರುವಾಗಿ ಒಂದಕ್ಕೆ ಹತ್ತು ನಿಮಿಷ ಇರುವಾಗ ಮುಗಿದಿತ್ತು. ಅತ್ತೆ ಹೊಸ್ತಿಲು ದಾಟಿದ್ದು ಅದರ ನಟ್ಟನಡುವೆ. ಹೇಳಲು ಹಿಂಜರಿದೆ, ಆದರೂ ಹೇಳಿದೆ.

ಅವರು ಅಳುತ್ತಾರೆ ಅಂದುಕೊಂಡೆ. ನಕ್ಕರು. ಸೆರಗನ್ನು ಬಾಯಿಗೆ ಹಿಡಿದುಕೊಂಡು, ಭುಜ ಕುಣಿಸಿ ನಕ್ಕರು. "ಆ ಕೆಲಸಾ ಹುಟ್ಟಿದ್ದs ರಾಹುಕಾಲದಾಗ. ಇನ್ನ ಅದರ ಕಾಗದಕ್ಕ ಎಂಥಾ ಅಂಜಿಕಿ. ನಡಿ ನಡಿ, ಬಾಗಲಾ ಹಾಕ್ಯಾರು." ಅಂದವರೇ ನನ್ನನ್ನು ಹಿಂದೆ ಬಿಟ್ಟು ರಸ್ತೆ ದಾಟಿಬಿಟ್ಟರು. ಅರವತ್ತಾರರ ಹೆಂಗಸು ಹಾಗೆ ದಾಪುಗಾಲು ಹಾಕುವುದನ್ನು ನಾನು ಅವತ್ತೇ ನೋಡಿದ್ದು.

ಪೋಸ್ಟ್ ಆಫೀಸಿನಲ್ಲಿ ಸಾಲು ಬಾಗಿಲವರೆಗೆ ಬಂದಿತ್ತು. ಎಲ್ಲರ ಕೈಯಲ್ಲೂ ಅಂಥದೇ ಲಕೋಟೆ. ಕಡೆಯ ದಿನದವರದೂ ಒಂದು ಕುಲ, ಯಾರೂ ಯಾರ ಮುಖವನ್ನೂ ನೋಡುವುದಿಲ್ಲ. ನಾವು ಒಳಗೆ ಬಂದ ಸ್ವಲ್ಪ ಹೊತ್ತಿಗೆ ಪೋಸ್ಟ್ ಆಫೀಸಿನವನೊಬ್ಬ ಬಂದು ನಮ್ಮ ಹಿಂದೆ ಬಾಗಿಲು ಹಾಕಿದ. ಒಳಗಿದ್ದವರದನ್ನೆಲ್ಲ ತೆಗೆದುಕೊಳ್ಳುತ್ತೇವೆ ಅಂದ. ಅತ್ತೆ ನನ್ನ ಕೈ ಹಿಡಿದುಕೊಂಡಿದ್ದರು. ನಮ್ಮ ಸರದಿ ಬಂದಾಗ ಅತ್ತೆಯೇ ಲಕೋಟೆಯನ್ನು ಎರಡೂ ಕೈಯಲ್ಲಿ ಹಿಡಿದು ಕೊಟ್ಟರು. ಕೌಂಟರಿನ ಹೆಂಗಸು ತೂಕ ಮಾಡಿದಳು. ಸರ್ಟಿಫೈಡ್ ಮೇಲ್ ಬೇಕು, ರಸೀದಿಯ ಮೇಲೆ ಇವತ್ತಿನ ಮುದ್ರೆ ಬೇಕು ಅಂದೆ. ದಿನವಿಡೀ ಅದನ್ನೇ ಮಾಡಿ ಸುಸ್ತಾಗಿದ್ದವಳು, ಆದರೂ ಮುಖ ಸಿಂಡರಿಸಲಿಲ್ಲ. ದುಂಡನೆಯ ಮುದ್ರೆಯನ್ನು ಲಕೋಟೆಗೊಮ್ಮೆ, ರಸೀದಿಗೊಮ್ಮೆ ಠಪ್ಪಂತ ಒತ್ತಿದಳು. ಏಪ್ರಿಲ್ ಹದಿನೈದು.

ನನ್ನ ಗಂಡ ದಿನದಂತೆ ಟ್ರೇನಿನಲ್ಲಿ ಆಫೀಸಿನಿಂದ ಆರೂವರೆಗೆ ಬಂದರು. ಶೂ ಬಿಚ್ಚುವ ಮೊದಲೇ "ಹೋಯ್ತಾ?" ಅಂದರು. ಅತ್ತೆ ರಸೀದಿಯನ್ನು ಅವರ ಕೈಗಿಟ್ಟರು. ಮುದ್ರೆ ನೋಡಿದರು, ವಿಳಾಸ ನೋಡಿದರು, ತಿರುಗಿಸಿ ಬೆನ್ನು ನೋಡಿದರು. ತಪ್ಪು ಹುಡುಕುತ್ತಿದ್ದಾರೆ ಅಂತ ಗೊತ್ತಾಗಿ ನನ್ನ ಮೈ ಉರಿಯಿತು. "ಕಾಪಿ ಇಟ್ಟಿದ್ದೀಯ?" ಅಂದರು. ಕೊಟ್ಟೆ. ನಿಂತೇ ಓದಿದರು, ಒಂದೊಂದೇ ಗೆರೆ. ಎಲ್ಲೂ ಏನೂ ಸಿಗಲಿಲ್ಲ. ಕಡೆಯ ಹಾಳೆಗೆ ಬಂದು ನಿಂತರು.

ಅಲ್ಲಿ ಸಹಿಯ ಹತ್ತಿರ ನಿಮ್ಮ ಉದ್ಯೋಗ ಏನು ಅಂತ ಒಂದು ಖಾನೆ ಇದೆ. ಅಲ್ಲಿ ಏನು ಬರೆಯಲಿ ಅಂತ ನಾನು ಅತ್ತೆಯನ್ನು ಕೇಳಿದ್ದೆ. ಮನೆವಾರ್ತೆ ಅಂತಲೂ ಬರೆಯಬಹುದು, ರಿಟೈರ್ಡ್ ಅಂತಲೂ ಬರೆಯಬಹುದು ಅಂದಿದ್ದೆ. "ಅಡಗಿ ಮಾಡಾಕಿ ಅಂತ ಬರಿ. ಇಂಗ್ಲಿಷಿನಾಗ ಹೇಳಿಕೊಡು, ನಾನs ಬರೀತೀನಿ" ಅಂದಿದ್ದರು. ಸಹಿ ಕನ್ನಡದಲ್ಲಿ, ಅದರ ಪಕ್ಕದಲ್ಲಿ ಒಂದೊಂದೇ ಅಕ್ಷರ ಬಿಡಿಬಿಡಿಯಾಗಿ, ಕಪ್ಪು ಶಾಯಿಯಲ್ಲಿ, ಕುಕ್ ಅಂತ ತಾನೇ ಬರೆದಿದ್ದರು.

ನನ್ನ ಗಂಡ ಅದನ್ನೇ ನೋಡುತ್ತಾ ನಿಂತರು. ನಾನು ಜಗಳಕ್ಕೆ ತಯಾರಾಗಿದ್ದೆ, ಮಾತೆಲ್ಲ ನಾಲಗೆಯ ತುದಿಯಲ್ಲಿತ್ತು. ಅವರು ಹಾಳೆಯನ್ನು ಮೇಜಿನ ಮೇಲಿಟ್ಟು, ಕುರ್ಚಿ ಎಳೆದು ಕೂತರು.

"ಅವ್ವಾ, ದಿನಾ ಎಷ್ಟ ರೊಟ್ಟಿ ಬಡೀತಿ ಅಲ್ಲಿ?"

ಏಳು ತಿಂಗಳಲ್ಲಿ ಅವರು ಕೇಳಿದ ಮೊದಲ ಪ್ರಶ್ನೆ ಅದು. ಅತ್ತೆ ನನ್ನ ಕಡೆ ಒಮ್ಮೆ ನೋಡಿದರು. ಆಮೇಲೆ ಹೇಳಲು ಶುರು ಮಾಡಿದರು. ಇನ್ನೂರು, ಶನಿವಾರ ಮುನ್ನೂರು. ಹಂಚು ಈ ಮೇಜಿನಷ್ಟು ಅಗಲ, ಏಕಕಾಲಕ್ಕೆ ಆರು ರೊಟ್ಟಿ. ಇಲ್ಲಿಯ ಜೋಳದ ಹಿಟ್ಟಿಗೆ ಜಿಗುಟಿಲ್ಲ, ಅದಕ್ಕೆ ಕುದಿಯುವ ನೀರೇ ಬೇಕು. ಪಕ್ಕದಲ್ಲಿ ಬಾಜ್ರಾ ರೊಟ್ಲಾ, ಅಂದರೆ ಸಜ್ಜೆ ರೊಟ್ಟಿ, ಮಾಡುವ ಗುಜರಾತಿ ಹೆಂಗಸು ಇದ್ದಾಳೆ, ಅವಳಿಗೆ ಕನ್ನಡ ಬಾರದು, ಇವರಿಗೆ ಗುಜರಾತಿ ಬಾರದು, ಆದರೂ ಇಬ್ಬರೂ ಇಡೀ ದಿನ ಮಾತಾಡುತ್ತಾರೆ. ನನಗೂ ಇದರಲ್ಲಿ ಅರ್ಧ ಗೊತ್ತಿರಲಿಲ್ಲ. ನಾನೂ ಕೇಳಿರಲಿಲ್ಲವಲ್ಲ. ಊರವರ ಚೀಟಿಯನ್ನೆಲ್ಲ ಓದುವವಳು ಮನೆಯವರನ್ನು ಕೇಳಿರಲಿಲ್ಲ. ನನಗೆ ನಾಚಿಕೆಯಾಯಿತು.

ನನ್ನ ಗಂಡ ನಡುನಡುವೆ "ಹಂಗೇನು, ಮತ್ತ?" ಅನ್ನುತ್ತಾ ಕೇಳಿದರು. ಕೊನೆಗೆ ಮೇಜಿನ ಮೇಲೆ ಬೆರಳಲ್ಲಿ ಗೀಚುತ್ತಾ, "ನಾಳೆ ನಾನs ಕಾರಿನಾಗ ಬಿಟ್ಟುಬರ್ತೀನಿ" ಅಂದರು.

"ಬಿಡು" ಅಂದರು ಅತ್ತೆ. "ಆದರ ಬಾಗಲದಾಗ ಇಳಿಸಿ ಓಡಿ ಹೋಗೂದಲ್ಲ. ಒಳಗ ಬರಬೇಕು. ನನ್ನ ಮಗಾ ಇಂವ ಅಂತ ಎಲ್ಲಾರಿಗೂ ತೋರಸಬೇಕು ನಾ."

ನನ್ನ ಗಂಡ ಗೀಚುವುದನ್ನು ನಿಲ್ಲಿಸಿದರು.

"ಟ್ರೇನ್ ತಪ್ತದವ್ವಾ."

"ತಪ್ಪಲಿ."

ಮರುದಿನ ನನ್ನ ಗಂಡನ ಟ್ರೇನ್ ತಪ್ಪಿತು. ಅದರ ಮುಂದಿನದೂ ತಪ್ಪಿತು.